ನಿಕ್ ಡ್ರೇಕ್

ನಿಕೋಲಸ್ ರಾಡ್ನಿ ಡ್ರೇಕ್ (ಜೂನ್ ೧೯, ೧೯೪೮ – ನವೆಂಬರ್ ೨೫, ೧೯೭೪) ಇಂಗ್ಲೆಂಡಿನ ಗೀತರಚನೆಕಾರರು, ಗಾಯಕರು ಹಾಗೂ ಗಿಟಾರ್ ವಾದಕರು. ನಿಕ್ ಡ್ರೇಕ್ ಎಂಬ ಹೆಸರಿನಿಂದ ಪರಿಚಿತರಾದ ಇವರು ತಮ್ಮ ಜೀವಿತಕಾಲದಲ್ಲಿ ಹೊರತಂದದ್ದು ಮೂರೇ ಧ್ವನಿಮುದ್ರಿಕೆಗಳನ್ನು (ಆಲ್ಬಮ್). ಮೊದಲು ಬಿಡುಗಡೆಯಾದಾಗ ಅವುಗಳಲ್ಲಿ ಒಂದೂ ಐದು ಸಾವಿರ ಪ್ರತಿಗಳಷ್ಟು ಮಾರಾಟವಾಗಲಿಲ್ಲ. ೨೬ನೆಯ ವಯಸ್ಸಿನಲ್ಲಿ ಅವರು ನಿಧನರಾದಾಗ ಅವರ ಹೆಸರನ್ನು ಬಲ್ಲವರು ವಿರಳವಾಗಿದ್ದರು. ಅನಂತರದ ದಶಕಗಳಲ್ಲಿ ಕೇಳುಗರು ಒಬ್ಬರಿಂದೊಬ್ಬರಿಗೆ ದಾಟಿಸಿದ ಮೆಚ್ಚುಗೆಯಿಂದಲೇ ಅವರ ಹಾಡುಗಳು ಉಳಿದುಬಂದವು. ಇಂದು ಅವರನ್ನು ಬ್ರಿಟನ್ನಿನ ಪ್ರಮುಖ ಗೀತರಚನೆಕಾರರಲ್ಲಿ ಒಬ್ಬರೆಂದು ಪರಿಗಣಿಸಲಾಗುತ್ತದೆ.

ಜನನ ಮತ್ತು ಮನೆತನ

ಡ್ರೇಕ್ ಅವರು ಬರ್ಮಾ ದೇಶದ (ಇಂದಿನ ಮ್ಯಾನ್ಮಾರ್) ರಂಗೂನಿನಲ್ಲಿ ಜನಿಸಿದರು. ತಂದೆ ರಾಡ್ನಿ ಡ್ರೇಕ್ ಅವರು ಬಾಂಬೆ ಬರ್ಮಾ ಟ್ರೇಡಿಂಗ್ ಕಾರ್ಪೊರೇಷನ್ ಎಂಬ ಸಂಸ್ಥೆಯಲ್ಲಿ ಎಂಜಿನಿಯರ್ ಆಗಿದ್ದರು. ಎರಡನೆಯ ಮಹಾಯುದ್ಧದಲ್ಲಿ ಜಪಾನ್ ಬರ್ಮಾವನ್ನು ಆಕ್ರಮಿಸಿದಾಗ ತಾಯಿ ಮಾಲಿ ಅವರು ಭಾರತಕ್ಕೆ ಬಂದು ಆಶ್ರಯ ಪಡೆದರು. ಆ ದಿನಗಳಲ್ಲಿ ಅವರು ತಮ್ಮ ಸಹೋದರಿಯೊಡನೆ ದೆಹಲಿಯ ಆಕಾಶವಾಣಿಯಲ್ಲಿ ಹಾಡಿದ್ದುಂಟು. ನಿಕ್ ಅವರ ಅಕ್ಕ, ಮುಂದೆ ನಟಿಯಾಗಿ ಹೆಸರಾದ ಗೇಬ್ರಿಯಲ್ ಡ್ರೇಕ್, ೧೯೪೪ರಲ್ಲಿ ಲಾಹೋರಿನಲ್ಲಿ ಜನಿಸಿದರು.

೧೯೫೦ರ ದಶಕದ ಆರಂಭದಲ್ಲಿ ಕುಟುಂಬವು ಇಂಗ್ಲೆಂಡಿಗೆ ಮರಳಿ, ವಾರಿಕ್‌ಷೈರ್ ಪ್ರಾಂತ್ಯದ ಟ್ಯಾನ್‌ವರ್ತ್-ಇನ್-ಆರ್ಡೆನ್ ಎಂಬ ಹಳ್ಳಿಯಲ್ಲಿ ನೆಲೆಸಿತು. ಅವರ ಮನೆಯ ಹೆಸರು 'ಫಾರ್ ಲೀಸ್'. ತಾಯಿ ಪಿಯಾನೊ ನುಡಿಸುತ್ತ ತಾವೇ ಹಾಡು ಕಟ್ಟಿ ಹಾಡುತ್ತಿದ್ದರು. ಅವುಗಳನ್ನು ತಂದೆ ಮನೆಯಲ್ಲಿಯೇ ಧ್ವನಿಮುದ್ರಿಸುತ್ತಿದ್ದರು. ಮಗನ ಹಾಡುಗಳಲ್ಲಿ ಕಾಣುವ ಮೆಲುದನಿ ಮತ್ತು ವಿಷಾದದ ಮೂಲವನ್ನು ಅನೇಕ ವಿಮರ್ಶಕರು ತಾಯಿಯ ಈ ರಚನೆಗಳಲ್ಲಿ ಗುರುತಿಸುತ್ತಾರೆ.

ವಿದ್ಯಾಭ್ಯಾಸ

ಡ್ರೇಕ್ ಅವರು ವಿಲ್ಟ್‌ಷೈರಿನ ಮಾರ್ಲ್‌ಬರೊ ಕಾಲೇಜ್ ಎಂಬ ವಸತಿಶಾಲೆಯಲ್ಲಿ ಓದಿದರು. ಅಲ್ಲಿ ಅವರು ಒಳ್ಳೆಯ ಓಟಗಾರರಾಗಿದ್ದರು, ರಗ್ಬಿಯನ್ನೂ ಆಡುತ್ತಿದ್ದರು. ಪಿಯಾನೊ, ಕ್ಲಾರಿನೆಟ್ ಮತ್ತು ಸ್ಯಾಕ್ಸೊಫೋನ್ ಕಲಿತಿದ್ದ ಅವರು ೧೯೬೫ರಲ್ಲಿ ಗಿಟಾರ್ ಕೊಂಡರು. ಅಲ್ಲಿಂದ ಮುಂದೆ ಅದೇ ಅವರ ಮುಖ್ಯ ವಾದ್ಯವಾಯಿತು. ೧೯೬೭ರ ಆರಂಭದಲ್ಲಿ ಫ್ರಾನ್ಸಿನ ಏಕ್ಸ್-ಆನ್-ಪ್ರೊವಾನ್ಸ್ ನಗರಕ್ಕೆ ಹೋಗಿ ಕೆಲವು ತಿಂಗಳು ತಂಗಿದ್ದಾಗ ಬೀದಿಯಲ್ಲಿ ಹಾಡಿ ಸ್ವಲ್ಪ ಹಣವನ್ನೂ ಗಳಿಸಿದರು. ಅದೇ ವರ್ಷದ ಅಕ್ಟೋಬರಿನಲ್ಲಿ ಇಂಗ್ಲಿಷ್ ಸಾಹಿತ್ಯದ ಅಧ್ಯಯನಕ್ಕಾಗಿ ಕೇಂಬ್ರಿಜ್ ವಿಶ್ವವಿದ್ಯಾಲಯದ ಫಿಟ್ಜ್‌ವಿಲಿಯಮ್ ಕಾಲೇಜನ್ನು ಸೇರಿದರು. ಸಂಗೀತಕ್ಕೆ ಪೂರ್ಣವಾಗಿ ತೊಡಗಲು ನಿರ್ಧರಿಸಿ, ಪದವಿಗೆ ಒಂದು ವರ್ಷವೂ ಉಳಿದಿಲ್ಲದಾಗ ಓದನ್ನು ಬಿಟ್ಟು ಲಂಡನ್ನಿಗೆ ಬಂದರು.

ಸಂಗೀತ ಜೀವನ

ಲಂಡನ್ನಿನ ರೌಂಡ್‌ಹೌಸ್ ಸಭಾಂಗಣದಲ್ಲಿ ಡ್ರೇಕ್ ಅವರು ಹಾಡಿದ್ದನ್ನು ಕೇಳಿದ 'ಫೇರ್‌ಪೋರ್ಟ್ ಕನ್ವೆನ್ಷನ್' ತಂಡದ ಆಶ್ಲಿ ಹಚಿಂಗ್ಸ್ ಅವರು ನಿರ್ಮಾಪಕ ಜೋ ಬಾಯ್ಡ್ ಅವರಿಗೆ ಈ ಯುವಕನ ವಿಷಯ ತಿಳಿಸಿದರು. ಬಾಯ್ಡ್ ಅವರು ಡ್ರೇಕ್ ಅವರ ಧ್ವನಿಮುದ್ರಣವನ್ನು ಆಲಿಸಿ ಕೂಡಲೇ ಒಪ್ಪಂದ ಮಾಡಿಕೊಂಡರು.

ಮೊದಲ ಧ್ವನಿಮುದ್ರಿಕೆ 'ಫೈವ್ ಲೀವ್ಸ್ ಲೆಫ್ಟ್' ೧೯೬೯ರಲ್ಲಿ ಹೊರಬಂದಿತು. 'ಐದು ಹಾಳೆಗಳು ಉಳಿದಿವೆ' ಎಂಬ ಅರ್ಥದ ಈ ಹೆಸರು, ಸಿಗರೇಟು ಸುತ್ತುವ ಕಾಗದದ ಕಟ್ಟು ಮುಗಿಯುತ್ತ ಬಂದಾಗ ಕಾಣುತ್ತಿದ್ದ ಸೂಚನೆಯಿಂದ ಬಂದುದು. ಇದರ ತಯಾರಿಯ ವೇಳೆ ಹಿನ್ನೆಲೆ ಸಂಗೀತ ಸಂಯೋಜನೆಗೆ ಅನುಭವಿಯೊಬ್ಬರನ್ನು ನೇಮಿಸಲಾಗಿತ್ತು. ಆ ಕೆಲಸ ಡ್ರೇಕ್ ಅವರಿಗೆ ಒಪ್ಪಿಗೆಯಾಗಲಿಲ್ಲ. ಅವರು ಅದನ್ನು ತಿರಸ್ಕರಿಸಿ, ಕೇಂಬ್ರಿಜ್‌ನ ಗೆಳೆಯ ರಾಬರ್ಟ್ ಕರ್ಬಿ ಅವರನ್ನು ಸೂಚಿಸಿದರು. ಸ್ಟುಡಿಯೊದ ಅನುಭವವೇ ಇಲ್ಲದ ಕರ್ಬಿ ಅವರ ತಂತಿವಾದ್ಯ ಸಂಯೋಜನೆಗಳು ಇಂದು ಈ ಮುದ್ರಿಕೆಯ ಮುಖ್ಯ ಆಕರ್ಷಣೆಗಳಲ್ಲಿ ಒಂದಾಗಿವೆ. ಮಾತು ಕಡಿಮೆಯಾಗಿದ್ದರೂ ತಮ್ಮ ಹಾಡುಗಳ ವಿಷಯದಲ್ಲಿ ಡ್ರೇಕ್ ಅವರು ಎಷ್ಟು ದೃಢರಾಗಿದ್ದರು ಎಂಬುದಕ್ಕೆ ಇದು ನಿದರ್ಶನ.

೧೯೭೧ರ ಮಾರ್ಚಿನಲ್ಲಿ ಬಂದ 'ಬ್ರೈಟರ್ ಲೇಟರ್' ಮುದ್ರಿಕೆಯಲ್ಲಿ ಡ್ರಮ್ಸ್, ಸ್ಯಾಕ್ಸೊಫೋನ್ ಮೊದಲಾದ ವಾದ್ಯಗಳಿದ್ದು, ಇದು ಪಾಪ್ ಸಂಗೀತಕ್ಕೆ ಹೆಚ್ಚು ಸಮೀಪವಾಗಿತ್ತು. ಜಾನ್ ಕೇಲ್ ಅವರು ಇದರ ಎರಡು ಹಾಡುಗಳಿಗೆ ವಾದ್ಯ ನುಡಿಸಿದರು. ಜನಪ್ರಿಯವಾಗಬಹುದೆಂಬ ನಿರೀಕ್ಷೆಯಿದ್ದ ಈ ಮುದ್ರಿಕೆಯೂ ಮಾರಾಟವಾಗಲಿಲ್ಲ. ಇದೇ ಸಮಯದಲ್ಲಿ ಬಾಯ್ಡ್ ಅವರು ತಮ್ಮ ಸಂಸ್ಥೆಯನ್ನು ಐಲ್ಯಾಂಡ್ ರೆಕಾರ್ಡ್ಸ್‌ಗೆ ಮಾರಿ ಅಮೆರಿಕಕ್ಕೆ ತೆರಳಿದರು. ಡ್ರೇಕ್ ಅವರ ಮುದ್ರಿಕೆಗಳನ್ನು ಎಂದೂ ಮಾರುಕಟ್ಟೆಯಿಂದ ಹಿಂತೆಗೆಯಬಾರದು ಎಂಬ ಷರತ್ತನ್ನು ಅವರು ವಿಧಿಸಿದ್ದರು. ಮುಂದಿನ ತಲೆಮಾರಿನ ಕೇಳುಗರಿಗೆ ಈ ಹಾಡುಗಳು ದೊರೆಯುವಲ್ಲಿ ಈ ಷರತ್ತಿನ ಪಾತ್ರ ದೊಡ್ಡದು.

ಮೂರನೆಯ ಮುದ್ರಿಕೆ 'ಪಿಂಕ್ ಮೂನ್' ಅನ್ನು ೧೯೭೧ರ ಅಕ್ಟೋಬರಿನಲ್ಲಿ ಎರಡು ರಾತ್ರಿಗಳಲ್ಲಿ ಧ್ವನಿಮುದ್ರಿಸಲಾಯಿತು. ಸ್ಟುಡಿಯೊದಲ್ಲಿ ಇದ್ದವರು ಡ್ರೇಕ್ ಮತ್ತು ಧ್ವನಿ ತಂತ್ರಜ್ಞ ಜಾನ್ ವುಡ್ ಇಬ್ಬರೇ. ಕಂಠ ಮತ್ತು ಗಿಟಾರ್ ಬಿಟ್ಟರೆ ಶೀರ್ಷಿಕೆ ಗೀತೆಯಲ್ಲಿ ಸ್ವಲ್ಪ ಪಿಯಾನೊ ಮಾತ್ರ ಕೇಳಿಬರುತ್ತದೆ. ಮುದ್ರಿಕೆಯ ಒಟ್ಟು ಅವಧಿ ಸುಮಾರು ೨೮ ನಿಮಿಷ. ಇದು ೧೯೭೨ರ ಫೆಬ್ರವರಿಯಲ್ಲಿ ಬಿಡುಗಡೆಯಾಯಿತು.

ಗಿಟಾರ್ ವಾದನ ಮತ್ತು ಕಚೇರಿಗಳು

ಡ್ರೇಕ್ ಅವರು ಗಿಟಾರಿನ ಆರು ತಂತಿಗಳನ್ನು ರೂಢಿಯ ಶ್ರುತಿಗಿಂತ ಬೇರೆ ಬೇರೆ ರೀತಿಗಳಲ್ಲಿ ಹೊಂದಿಸಿಕೊಂಡು ನುಡಿಸುತ್ತಿದ್ದರು. ಇದರಿಂದ ಸಾಮಾನ್ಯ ಬೆರಳು ಸ್ಥಾನಗಳಲ್ಲಿ ದೊರೆಯದ ಸ್ವರಗುಚ್ಛಗಳು ಹುಟ್ಟುತ್ತಿದ್ದವು. 'ರಿವರ್ ಮ್ಯಾನ್' ಎಂಬ ಹಾಡು, ಪಾಪ್ ಸಂಗೀತದಲ್ಲಿ ಅಪರೂಪವಾದ ಐದು ಎಣಿಕೆಯ ತಾಳದಲ್ಲಿದೆ.

ಇದೇ ವೈಶಿಷ್ಟ್ಯ ವೇದಿಕೆಯಲ್ಲಿ ತೊಡಕಾಯಿತು. ಒಂದು ಹಾಡಿನಿಂದ ಇನ್ನೊಂದಕ್ಕೆ ಹೋಗುವಾಗ ತಂತಿಗಳನ್ನು ಮತ್ತೆ ಹೊಂದಿಸಬೇಕಾಗುತ್ತಿತ್ತು. ಆ ಹೊತ್ತನ್ನು ಮಾತಿನಿಂದ ತುಂಬುವುದು ಸಂಕೋಚ ಸ್ವಭಾವದ ಅವರಿಗೆ ಸಾಧ್ಯವಾಗುತ್ತಿರಲಿಲ್ಲ. ಗದ್ದಲದ ಸಭೆಗಳು ಅವರ ಮೆಲುದನಿಯನ್ನು ನುಂಗಿಬಿಡುತ್ತಿದ್ದವು. ೧೯೭೦ರ ಜೂನ್‌ನಲ್ಲಿ ಸರ್ರಿಯ ಯೂವೆಲ್ ತಾಂತ್ರಿಕ ಕಾಲೇಜಿನಲ್ಲಿ ನಡೆದ ಕಚೇರಿಯಲ್ಲಿ ಹಾಡಿನ ನಡುವೆಯೇ ವೇದಿಕೆಯಿಂದ ಇಳಿದುಹೋದರು. ಅನಂತರ ಅವರು ವೇದಿಕೆಯಿಂದ ದೂರವೇ ಉಳಿದರು. ಪತ್ರಿಕೆಗೆ ಅವರು ನೀಡಿದ ಪ್ರಕಟಿತ ಸಂದರ್ಶನವೂ ಒಂದೇ. ಪ್ರೌಢ ವಯಸ್ಸಿನ ಡ್ರೇಕ್ ಅವರ ಚಲಚ್ಚಿತ್ರ ದೃಶ್ಯವೊಂದೂ ಈವರೆಗೆ ಪತ್ತೆಯಾಗಿಲ್ಲ.

ಅನಾರೋಗ್ಯ ಮತ್ತು ನಿಧನ

ಡ್ರೇಕ್ ಅವರು ತೀವ್ರ ಖಿನ್ನತೆಯಿಂದ ಬಳಲಿದರು. ಲಂಡನ್ನನ್ನು ಬಿಟ್ಟು ತಂದೆತಾಯಿಯರ ಮನೆಗೆ ಮರಳಿದ ಅವರು ೧೯೭೨ರಲ್ಲಿ ಕೆಲವು ವಾರ ಆಸ್ಪತ್ರೆಯಲ್ಲಿದ್ದರು. ೧೯೭೪ರಲ್ಲಿ ಬಾಯ್ಡ್ ಮತ್ತು ವುಡ್ ಅವರೊಡನೆ ಮತ್ತೆ ಸ್ಟುಡಿಯೊಗೆ ಬಂದು ಕೆಲವು ಹೊಸ ಹಾಡುಗಳನ್ನು ಧ್ವನಿಮುದ್ರಿಸಿದರು. ಅವೇ ಅವರ ಕೊನೆಯ ಹಾಡುಗಳು. ಅದೇ ವರ್ಷ ನವೆಂಬರ್ ೨೫ರಂದು, ಚಿಕಿತ್ಸೆಗಾಗಿ ನೀಡಿದ್ದ ಔಷಧಿಯ ಅತಿಸೇವನೆಯಿಂದ ಫಾರ್ ಲೀಸ್‌ನಲ್ಲಿ ನಿಧನರಾದರು. ವಿಚಾರಣೆಯಲ್ಲಿ ಇದನ್ನು ಆತ್ಮಹತ್ಯೆ ಎಂದು ದಾಖಲಿಸಲಾಯಿತು. ಆದರೆ ಅದು ಆಕಸ್ಮಿಕವಾಗಿರಬಹುದೆಂದು ಭಾವಿಸಿದ ಆಪ್ತರೂ ಇದ್ದಾರೆ. ಅವರ ಚಿತಾಭಸ್ಮವನ್ನು ಹಳ್ಳಿಯ ಸೇಂಟ್ ಮೇರಿ ಮ್ಯಾಗ್ಡಲೀನ್ ಚರ್ಚಿನ ಆವರಣದಲ್ಲಿ ಓಕ್ ಮರದ ಕೆಳಗೆ ಹೂಳಲಾಯಿತು.

ಅಭಿಮಾನಿಗಳು ಮತ್ತು ಮರಣೋತ್ತರ ಕೀರ್ತಿ

ಮರಣಾನಂತರದ ವರ್ಷಗಳಲ್ಲಿ, ಮುದ್ರಿಕೆಯ ಹೊದಿಕೆಯಲ್ಲಿದ್ದ ಅಲ್ಪ ವಿವರವನ್ನಷ್ಟೇ ಬಲ್ಲ ಯುವಕರು ಬ್ರಿಟನ್ನಿನಿಂದಲೂ ಹೊರದೇಶಗಳಿಂದಲೂ ಟ್ಯಾನ್‌ವರ್ತ್‌ಗೆ ಬರತೊಡಗಿದರು. ರಾಡ್ನಿ ಮತ್ತು ಮಾಲಿ ದಂಪತಿಗಳು ಅವರನ್ನು ಮನೆಯೊಳಗೆ ಕರೆದು ಸತ್ಕರಿಸಿ, ಮಗನ ಕೋಣೆಯನ್ನು ತೋರಿಸುತ್ತಿದ್ದರು. ಮಗನ ಹಾಡನ್ನು ಲೋಕ ಕೇಳಲಿಲ್ಲವೆಂಬ ಕೊರಗಿದ್ದ ಆ ಹಿರಿಯರಿಗೆ ಈ ಅಪರಿಚಿತರ ಭೇಟಿ ಸಮಾಧಾನ ತಂದಿತು. ಮನೆಯಲ್ಲಿದ್ದ ಹಳೆಯ ಧ್ವನಿಮುದ್ರಣಗಳ ಪ್ರತಿಗಳನ್ನು ತಂದೆ ಕೆಲವರಿಗೆ ಮಾಡಿಕೊಟ್ಟರು. ಅವು ಕ್ರಮೇಣ ಅನಧಿಕೃತ ಮುದ್ರಿಕೆಗಳಾಗಿ ಹರಡಿದವು. ಕೊನೆಗೆ ೨೦೦೭ರಲ್ಲಿ ಕುಟುಂಬದ ಒಪ್ಪಿಗೆಯೊಂದಿಗೆ 'ಫ್ಯಾಮಿಲಿ ಟ್ರೀ' ಎಂಬ ಹೆಸರಿನಲ್ಲಿ ಮನೆಯ ಧ್ವನಿಮುದ್ರಣಗಳು ಪ್ರಕಟವಾದವು.

೧೯೭೯ರಲ್ಲಿ ಅವರ ಮುದ್ರಿಕೆಗಳನ್ನು ಒಟ್ಟಾಗಿ 'ಫ್ರೂಟ್ ಟ್ರೀ' ಎಂಬ ಸಂಪುಟದಲ್ಲಿ ಹೊರತರಲಾಯಿತು. ೧೯೮೫ರಲ್ಲಿ 'ಡ್ರೀಮ್ ಅಕಾಡೆಮಿ' ತಂಡವು ತನ್ನ ಜನಪ್ರಿಯ ಗೀತೆ 'ಲೈಫ್ ಇನ್ ಎ ನಾರ್ದರ್ನ್ ಟೌನ್' ಅನ್ನು ಡ್ರೇಕ್ ಅವರಿಗೆ ಅರ್ಪಿಸಿತು. ೧೯೯೯ರಲ್ಲಿ ಫೋಕ್ಸ್‌ವ್ಯಾಗನ್ ಕಾರಿನ ಜಾಹೀರಾತಿನಲ್ಲಿ 'ಪಿಂಕ್ ಮೂನ್' ಗೀತೆ ಬಳಕೆಯಾದ ಮೇಲೆ ಅಮೆರಿಕದಲ್ಲಿ ಅವರ ಮುದ್ರಿಕೆಗಳ ಮಾರಾಟ ಹಲವು ಪಟ್ಟು ಹೆಚ್ಚಿತು. ೨೦೦೪ರಲ್ಲಿ, ನಿಧನವಾಗಿ ಸುಮಾರು ೩೦ ವರ್ಷಗಳ ಬಳಿಕ, ಅವರ ಹಾಡುಗಳು ಮೊದಲ ಬಾರಿಗೆ ಬ್ರಿಟನ್ನಿನ ಜನಪ್ರಿಯ ಗೀತೆಗಳ ಪಟ್ಟಿಯನ್ನು ಸೇರಿದವು.

ಅಕಾಲ ಮರಣದಿಂದಾಗಿ ಡ್ರೇಕ್ ಅವರನ್ನು ಸದಾ ದುಃಖದಲ್ಲಿ ಮುಳುಗಿದ್ದ ವ್ಯಕ್ತಿಯೆಂದು ಚಿತ್ರಿಸುವುದು ರೂಢಿಯಾಗಿತ್ತು. ೨೦೧೪ರಲ್ಲಿ ಗೇಬ್ರಿಯಲ್ ಅವರು ಸಹಸಂಪಾದಿಸಿದ 'ರಿಮೆಂಬರ್ಡ್ ಫಾರ್ ಎ ವೈಲ್' ಗ್ರಂಥ ಹಾಗೂ ೨೦೨೩ರಲ್ಲಿ ರಿಚರ್ಡ್ ಮಾರ್ಟನ್ ಜ್ಯಾಕ್ ಅವರು ಬರೆದ ಜೀವನಚರಿತ್ರೆ, ಗೆಳೆಯರ ನೆನಪು ಮತ್ತು ಕುಟುಂಬದ ದಾಖಲೆಗಳ ಆಧಾರದಿಂದ ಹೆಚ್ಚು ಪೂರ್ಣವಾದ ಚಿತ್ರವನ್ನು ನೀಡಿವೆ. ತಾಯಿ ಮಾಲಿ ಅವರ ಹಾಡುಗಳೂ ೨೦೧೩ರಲ್ಲಿ ಮುದ್ರಿಕೆಯಾಗಿ ಹೊರಬಂದು ಕೇಳುಗರನ್ನು ಗಳಿಸಿವೆ.

೨೦೨೪ರ ಜುಲೈನಲ್ಲಿ ಬಿಬಿಸಿಯ 'ಪ್ರಾಮ್ಸ್' ಸಂಗೀತೋತ್ಸವದ ಅಂಗವಾಗಿ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲ್‌ನಲ್ಲಿ ಅವರ ಹಾಡುಗಳಿಗೇ ಮೀಸಲಾದ ಕಚೇರಿ ನಡೆಯಿತು. ಟ್ಯಾನ್‌ವರ್ತ್‌ನ ಸಮಾಧಿ ಶಿಲೆಯ ಹಿಂಬದಿಯಲ್ಲಿ ಅವರ ಕೊನೆಯ ಮುದ್ರಿಕೆಯ ಕೊನೆಯ ಹಾಡಿನ ಸಾಲೊಂದನ್ನು ಕೆತ್ತಲಾಗಿದ್ದು, ಅದನ್ನು ನೋಡಲು ಅಭಿಮಾನಿಗಳು ಇಂದಿಗೂ ಅಲ್ಲಿಗೆ ಬರುತ್ತಾರೆ.