ಪ್ರಜಾಪ್ರತಿನಿಧಿ ಸಭೆಯ ಮೇಷ್ಟರು

ಜಹೀರಾಬಾದ್, ನಾರಾಯಣಖೇಡ, ತಾಂಡೂರು ಭಾಗದ ನಮ್ಮ ಹಿರಿಯರು ನಿಜಾಮರ ಆಳ್ವಿಕೆಯಲ್ಲಿ ಬಾಳಿದವರು. ಇಲ್ಲಿ ವಯಸ್ಕರೆಲ್ಲರೂ ಮತ ಹಾಕಿ ಶಾಸಕರನ್ನು ಆರಿಸಿದ್ದು ಮೊದಲು 1952ರಲ್ಲಿ. ಅದಕ್ಕೂ 70 ವರ್ಷಗಳ ಹಿಂದೆಯೇ ಮೈಸೂರು ಸಂಸ್ಥಾನದಲ್ಲಿ ಪ್ರಜೆಗಳದೊಂದು ಸಭೆ ಹುಟ್ಟಿತ್ತು. ಆ ಸಭೆಯಲ್ಲಿ ಕುಳಿತ ಶಿಕ್ಷಕರೊಬ್ಬರ ಜೀವನವನ್ನು ವಿದ್ಯಾರ್ಥಿಗಳಿಗೂ ಪೋಷಕರಿಗೂ ಪರಿಚಯಿಸಬಯಸುತ್ತೇವೆ.

ಅವರೇ ಎಂ. ವೆಂಕಟಕೃಷ್ಣಯ್ಯನವರು. 1844ರಲ್ಲಿ ಹೆಗ್ಗಡದೇವನಕೋಟೆ ಸೀಮೆಯಲ್ಲಿ ಜನಿಸಿದರು. ಮೈಸೂರಿನ ಮರಿಮಲ್ಲಪ್ಪ ಶಾಲೆಯಲ್ಲಿ ಬಹುಕಾಲ ಮುಖ್ಯೋಪಾಧ್ಯಾಯರಾಗಿದ್ದರು. ಜನ ಪ್ರೀತಿಯಿಂದ ತಾತಯ್ಯ ಎಂದು ಕರೆದರು. ಆ ಹೆಸರೇ ಉಳಿಯಿತು.

ದಿವಾನ್ ರಂಗಾಚಾರ್ಲು ಅವರು ಪ್ರಜಾಪ್ರತಿನಿಧಿ ಸಭೆಯನ್ನು ಮೊದಲು ಕರೆದದ್ದು 1881ರ ಅಕ್ಟೋಬರ್ 7ರಂದು. ದಸರೆಯ ಸಮಯಕ್ಕೆ ಊರೂರುಗಳಿಂದ ರೈತರು, ವರ್ತಕರು ಸೇರಿ 144 ಮಂದಿಯನ್ನು ಬರಮಾಡಿಕೊಂಡರು. ಮುಂದೆ 1891ರಿಂದ ಸದಸ್ಯರ ಚುನಾವಣೆಯೂ ನಡೆಯಿತು. ಆದರೆ ಆಸ್ತಿಯೋ ವಿದ್ಯೆಯೋ ಇದ್ದವರಿಗೆ ಮಾತ್ರ ಮತ. ಸಭೆಗೆ ಕಾನೂನು ಮಾಡುವ ಅಧಿಕಾರವಿಲ್ಲ, ಕಂದಾಯ ಬೇಡವೆನ್ನುವ ಅಧಿಕಾರವಿಲ್ಲ. ಕಷ್ಟ ಹೇಳಿಕೊಳ್ಳಬಹುದು, ದಿವಾನರು ಉತ್ತರ ಕೊಡುತ್ತಾರೆ, ಅಷ್ಟೇ. ಗಡಿನಾಡಿನ ಕನ್ನಡ ಶಾಲೆಯವರಾದ ನಾವು ಪುಸ್ತಕಕ್ಕೂ ಶಿಕ್ಷಕರಿಗೂ ಅರ್ಜಿ ಬರೆದು ಬರೆದು ಬಲ್ಲವರು. ಅಧಿಕಾರವಿಲ್ಲದೆ ಕೇಳುವುದೆಂದರೇನು ಎಂದು ನಮಗೆ ಬಿಡಿಸಿ ಹೇಳಬೇಕಾಗಿಲ್ಲ.

ಇಂಥ ಸಭೆಯ ಸದಸ್ಯರಾಗಿ ತಾತಯ್ಯನವರು ಅಂಜದೆ ಮಾತನಾಡಿದರು. ಸರ್ಕಾರ ಪ್ರಜೆಗಳಿಗೆ ಜವಾಬ್ದಾರಿಯಾಗಿರಬೇಕೆಂಬುದು ಅವರ ನಿಲುವು. ಸಭೆಯಾದರೋ ವರ್ಷದಲ್ಲಿ ಕೆಲವೇ ದಿನ. ಉಳಿದ ದಿನಗಳಿಗೆ ಪತ್ರಿಕೆಗಳಿದ್ದವು. ಹಿತಬೋಧಿನಿ, ವೃತ್ತಾಂತ ಚಿಂತಾಮಣಿ, ಸಾಧ್ವಿ ಮೊದಲಾದ ಪತ್ರಿಕೆಗಳೊಡನೆ ಅವರ ಹೆಸರು ಸೇರಿಕೊಂಡಿದೆ. ಶಾಲೆಯ ಕೆಲಸ ಮುಗಿಸಿ ಇಷ್ಟೆಲ್ಲ ಬರೆಯಲು ಹೊತ್ತು ಹೇಗೆ ಸಿಕ್ಕಿತೋ! ಉತ್ತರಪತ್ರಿಕೆಗಳ ಕಟ್ಟಿನ ಮುಂದೆ ಕುಳಿತಾಗ ನಮಗೆ ಈ ಯೋಚನೆ ಬರುವುದುಂಟು.

1908ರಲ್ಲಿ ದಿವಾನ್ ವಿ.ಪಿ. ಮಾಧವರಾಯರ ಸರ್ಕಾರ ಪತ್ರಿಕೆಗಳಿಗೆ ಮೂಗುದಾರ ಹಾಕುವ ಕಾಯಿದೆ ತಂದಿತು. ಅದನ್ನು ಪ್ರತಿಭಟಿಸಿ ತಾತಯ್ಯನವರು ತಮ್ಮ ಪತ್ರಿಕೆಯನ್ನೇ ನಿಲ್ಲಿಸಿದರು. ಕೈಯಾರೆ ಬೆಳೆಸಿದ್ದನ್ನು ನಿಲ್ಲಿಸುವುದು ಸುಲಭವಲ್ಲ. ಅಪ್ಪಣೆ ಬೇಡಿ ಬರೆಯುವುದಕ್ಕಿಂತ ಅದೇ ಅವರಿಗೆ ಸರಿಯೆನಿಸಿತು.

ದೊರೆತನವನ್ನು ಕೇಳುತ್ತ ಕುಳಿತವರೂ ಅಲ್ಲ. ದಿಕ್ಕಿಲ್ಲದ ಮಕ್ಕಳಿಗಾಗಿ ಮೈಸೂರಿನಲ್ಲಿ ಅನಾಥಾಲಯ ತೆರೆದರು. ಹೆಣ್ಣುಮಕ್ಕಳ, ಅದರಲ್ಲೂ ವಿಧವೆಯರ, ವಿದ್ಯಾಭ್ಯಾಸಕ್ಕೆ ದುಡಿದರು.

1923ರಲ್ಲಿ ಪ್ರಜಾಪ್ರತಿನಿಧಿ ಸಭೆಗೆ ಕಾಯಿದೆಯ ಮಾನ್ಯತೆ ದೊರೆಯಿತು. ಹೊಸ ತೆರಿಗೆ ಹಾಕುವ ಮೊದಲು ಸಭೆಯ ಅಭಿಪ್ರಾಯ ಕೇಳಬೇಕೆಂದಾಯಿತು. ಆಗ ತಾತಯ್ಯನವರಿಗೆ ಎಂಬತ್ತರ ಹತ್ತಿರ. 1933ರಲ್ಲಿ ಅವರು ತೀರಿಕೊಂಡರು.