ವಿನೋದ ಚಿತ್ರಕಾರ ಝಾಕ್ ತಾತಿ

ಸಾಲ ಮಾಡಿ ಮನೆ ಕಟ್ಟಿ ಕೆಟ್ಟವರನ್ನು ನಾವು ಕಂಡಿದ್ದೇವೆ. ಜನರನ್ನು ನಗಿಸಲೆಂದು ಒಂದು ನಗರವನ್ನೇ ಕಟ್ಟಿ ಕೆಟ್ಟವನು ಅಪೂರ್ವ. ಫ್ರಾನ್ಸಿನ ಚಲಚ್ಚಿತ್ರಕಾರನೂ ನಟನೂ ಆಗಿದ್ದ ಝಾಕ್ ತಾತಿಯು ಅಂತಹವನು. ಆತನ ಜೀವಿತದಲ್ಲಿ ಕಲಾಭಿಮಾನಿಗಳು ಮಾತ್ರವಲ್ಲದೆ ಪಟ್ಟಣವಾಸಿಗಳೆಲ್ಲರೂ ಮನನ ಮಾಡತಕ್ಕ ವಿಷಯವುಂಟೆಂದು ನಾವು ಭಾವಿಸುತ್ತೇವೆ.

1907ನೆಯ ಇಸವಿ ಅಕ್ಟೋಬರ್ 9ರಂದು ಪ್ಯಾರಿಸ್ಸಿನ ಸಮೀಪದ ಲ ಪೆಕ್ ಎಂಬ ಊರಿನಲ್ಲಿ ತಾತಿಯು ಜನಿಸಿದನು. ಚಿತ್ರಗಳಿಗೆ ಚೌಕಟ್ಟು ಹಾಕುವ ಮನೆತನದ ಕಸುಬನ್ನು ಬಿಟ್ಟು, ಆಟಗಾರರ ಅಂಗಚೇಷ್ಟೆಗಳನ್ನು ಮಾತಿಲ್ಲದೆ ಅನುಕರಿಸಿ ರಂಗಭೂಮಿಯಲ್ಲಿ ಹೆಸರಾದನು. 1949ರಲ್ಲಿ ತೆರೆಕಂಡ ಆತನ ಮೊದಲನೆಯ ದೊಡ್ಡ ಚಿತ್ರದಲ್ಲಿ ಹಳ್ಳಿಯ ಟಪಾಲಿನವನೊಬ್ಬನು ಅಮೆರಿಕದ ವೇಗವನ್ನು ಸೈಕಲ್ಲಿನ ಮೇಲೆ ಸಾಧಿಸಹೋಗಿ ನಗೆಗೀಡಾಗುತ್ತಾನೆ. 1953ರಲ್ಲಿ ಮೊಸ್ಯೂ ಉಲೋ ಎಂಬ, ಬಾಯಲ್ಲಿ ಚುಂಗಾಣಿ ಕಚ್ಚಿದ ನೀಳಕಾಯದ ಸಾಧು ಮನುಷ್ಯನು ತಾತಿಯ ರೂಪದಲ್ಲಿ ತೆರೆಗೆ ಬಂದನು. 1958ರ 'ಮೊನ್ ಓಂಕ್ಲ್' ಚಿತ್ರದಲ್ಲಿ ಉಲೋ ಒಬ್ಬ ಬಾಲಕನ ಸೋದರಮಾವನು. ಬಾಲಕನ ತಾಯಿ ಗಣ್ಯರು ಬಂದಾಗ ಮಾತ್ರ ಅಂಗಳದ ಕಾರಂಜಿಯನ್ನು ಹರಿಸಿ, ಬಂದವನು ಒಡಹುಟ್ಟಿದವನೆಂದು ತಿಳಿದೊಡನೆ ನಿಲ್ಲಿಸುತ್ತಾಳೆ. ಈ ಚಿತ್ರಕ್ಕೆ ಅಮೆರಿಕದ ಆಸ್ಕರ್ ಪಾರಿತೋಷಕವು ದೊರೆಯಿತು.

ಉಲೋವಿನ ಹೆಸರಿನಿಂದಲೇ ತಾತಿಯು ಸುಖವಾಗಿ ಬಾಳಬಹುದಾಗಿತ್ತು. ಆದರೆ 1964ರಲ್ಲಿ ಪ್ಯಾರಿಸ್ಸಿನ ಅಂಚಿನಲ್ಲಿ ಗಾಜು ಉಕ್ಕುಗಳ ಕಟ್ಟಡಗಳನ್ನೂ ಬೀದಿಗಳನ್ನೂ ತಾನೇ ಕಟ್ಟಿಸಿ, ಮೂರು ವರ್ಷ ದುಡಿದು, 1967ರಲ್ಲಿ 'ಪ್ಲೇಟೈಮ್' ಚಿತ್ರವನ್ನು ಹೊರತಂದನು. ಅದರಲ್ಲಿ ಪ್ಯಾರಿಸ್ಸನ್ನು ನೋಡಬಂದ ಪ್ರವಾಸಿಗಳಿಗೆ ಐಫೆಲ್ ಗೋಪುರವು ಗಾಜಿನ ಬಾಗಿಲೊಂದರಲ್ಲಿ ಪ್ರತಿಬಿಂಬವಾಗಿ ಮಾತ್ರ ಕಾಣುತ್ತದೆ. ಉಪಾಹಾರಮಂದಿರದ ಬಾಗಿಲು ಒಡೆದ ಮೇಲೂ ದ್ವಾರಪಾಲಕನು ಹಿಡಿಯೊಂದನ್ನೇ ಕೈಯಲ್ಲಿ ಹಿಡಿದು, ಇಲ್ಲದ ಬಾಗಿಲನ್ನು ತೆರೆದು ಅತಿಥಿಗಳನ್ನು ಸ್ವಾಗತಿಸುತ್ತಾನೆ. ಮಂದಿರದ ಅಲಂಕಾರವೆಲ್ಲ ಕುಸಿದು ಬೀಳತೊಡಗಿದಾಗಲೇ ಅಪರಿಚಿತರು ಪರಸ್ಪರ ಸ್ನೇಹಿತರಾಗುತ್ತಾರೆ. ಇಲ್ಲಿ ಖಳನಿಲ್ಲ, ನಾಯಕನೂ ಇಲ್ಲ. ಉಲೋ ಸಹ ಜನಸಂದಣಿಯಲ್ಲಿ ಒಬ್ಬನು.

ನಾಯಕನನ್ನು ಅರಸಿ ಬಂದ ಪ್ರೇಕ್ಷಕರು ನಿರಾಶರಾದರು. ತಾತಿಯು ಸಾಲದಲ್ಲಿ ಮುಳುಗಿದನು. ಮನೆಯೂ ಹೋಯಿತು, ಹಿಂದಿನ ಚಿತ್ರಗಳ ಹಕ್ಕೂ ಕೈತಪ್ಪಿತು. ಕಟ್ಟಿದ ನಗರವನ್ನು ಕೆಡವಲಾಯಿತು. ಇದರಲ್ಲಿ ಆತನ ತಪ್ಪಿಲ್ಲವೆಂದು ನಾವು ಹೇಳಲಾರೆವು. ಅಳತೆ ಮೀರಿ ವ್ಯಯಮಾಡಿದವನು ಆತನೇ. ಆದರೆ ಪರರ ಹಣದಿಂದ ಪರರ ಇಚ್ಛೆಯ ಚಿತ್ರವನ್ನು ಮಾಡುವುದಕ್ಕಿಂತ ತನ್ನ ಸರ್ವಸ್ವದಿಂದ ತನ್ನ ಇಚ್ಛೆಯದನ್ನು ಮಾಡುವುದೇ ಮೇಲೆಂದು ಆತನು ಬಗೆದನು. 1971ರಲ್ಲಿ ಮೋಟಾರುಗಳ ಹುಚ್ಚನ್ನು ಕುರಿತು ಮತ್ತೊಂದು ಚಿತ್ರವನ್ನು ಮಾಡಿ, 1982ನೆಯ ನವೆಂಬರ್ ತಿಂಗಳಲ್ಲಿ ತೀರಿಕೊಂಡನು.

2002ರಲ್ಲಿ 'ಪ್ಲೇಟೈಮ್' ಜೀರ್ಣೋದ್ಧಾರಗೊಂಡು ಕಾನ್ ಉತ್ಸವದಲ್ಲಿ ಪ್ರದರ್ಶಿತವಾಯಿತು. ಆತನು ವಿನೋದಕ್ಕಾಗಿ ಕಟ್ಟಿದ ಗಾಜಿನ ನಗರದಂತಹವು ಇಂದು ಲೋಕದ ನಾನಾ ಕಡೆಗಳಲ್ಲಿ ನಿಜವಾಗಿಯೇ ಎದ್ದು ನಿಂತಿವೆ. ಅವುಗಳಲ್ಲಿ ವಾಸಿಸುವ ನಾವು ಪರಸ್ಪರ ಮುಖ ನೋಡಿ ನಗುವುದನ್ನು ಮರೆಯದಿದ್ದರೆ ತಾತಿಯ ಸಾಲವು ತೀರಿದಂತೆಯೇ ಸರಿ.