ಗುರು-ಲಘುಗಳ ಲೆಕ್ಕ ಬಲ್ಲ ಮಹಾವೀರಾಚಾರ್ಯರು

ನಾರಾಯಣಪೇಟೆ, ಮಕ್ತಲ್‌ಗಳ ಕನ್ನಡ ಶಾಲೆಗಳಲ್ಲಿ ಓದಿ ಬಂದವರಿಗೆ ಮಳಖೇಡ ದೂರದ ಊರಲ್ಲ. ಗುರುಮಠಕಲ್, ಸೇಡಂ ದಾಟಿದರೆ ಕಾಗಿಣಾ ನದಿಯ ದಡದಲ್ಲಿ ರಾಷ್ಟ್ರಕೂಟರ ಆ ಮಾನ್ಯಖೇಟವಿದೆ. ಐಚ್ಛಿಕ ಕನ್ನಡದ ವಿದ್ಯಾರ್ಥಿಗಳು ಅದನ್ನು ನೃಪತುಂಗನ ಹೆಸರಿನೊಡನೆ ನೆನೆಯುತ್ತಾರೆ. ಅದೇ ಅಮೋಘವರ್ಷ ನೃಪತುಂಗನ ಆಳ್ವಿಕೆಯಲ್ಲಿ (814–878) ಬಾಳಿ 'ಗಣಿತಸಾರಸಂಗ್ರಹ'ವನ್ನು ರಚಿಸಿದ ಜೈನ ವಿದ್ವಾಂಸ ಮಹಾವೀರಾಚಾರ್ಯರ ಹೆಸರು ನಮ್ಮ ತರಗತಿಗಳಲ್ಲಿ ಕೇಳಿಬರುವುದು ಅಪರೂಪ. ಗಣಿತ ನಮ್ಮದಲ್ಲವೆಂದು ನಾವೇ ಬಿಟ್ಟುಕೊಟ್ಟಿದ್ದೇವೆ.

ಆಚಾರ್ಯರ ಬಾಳಿಗೆ ಅವರ ಗ್ರಂಥವೇ ಮುಖ್ಯ ಆಕರ. ತೀರ್ಥಂಕರ ಮಹಾವೀರನಿಗೆ ವಂದಿಸಿ, ಅರಸನನ್ನು ಸ್ತುತಿಸಿ, ಬಳಿಕ ಅವರು ಗಣಿತದ ವ್ಯಾಪ್ತಿಯನ್ನು ಹೇಳುತ್ತಾರೆ. ಸಂಗೀತ, ನಾಟಕ, ವೈದ್ಯ, ಪಾಕಶಾಸ್ತ್ರಗಳೊಡನೆ ಛಂದಸ್ಸು, ಅಲಂಕಾರ, ವ್ಯಾಕರಣಗಳೂ ಆ ಪಟ್ಟಿಯಲ್ಲಿವೆ. ಹಿಂದಿನವರು ಗಣಿತವನ್ನು ಖಗೋಳಶಾಸ್ತ್ರದ ಅಂಗವಾಗಿ ಬರೆದರೆ, ಇವರು ಅದಕ್ಕಾಗಿಯೇ ಸಂಸ್ಕೃತ ಪದ್ಯಗಳಲ್ಲಿ ಗ್ರಂಥವನ್ನು ರಚಿಸಿದರು.

ಅವರ ಸಮಸ್ಯೆಗಳು ಒಗಟುಗಳಂತಿವೆ. ಮೂವರು ವರ್ತಕರಿಗೆ ದಾರಿಯಲ್ಲಿ ಹಣದ ಚೀಲವೊಂದು ಕಾಣುತ್ತದೆ. ಅದು ಸಿಕ್ಕರೆ ಮೊದಲನೆಯವನ ಹಣ ಉಳಿದಿಬ್ಬರ ಒಟ್ಟು ಹಣದ ಎರಡರಷ್ಟು, ಎರಡನೆಯವನಿಗೆ ಸಿಕ್ಕರೆ ಮೂರರಷ್ಟು, ಮೂರನೆಯವನಿಗಾದರೆ ಐದರಷ್ಟು ಆಗುತ್ತದೆ. ಚೀಲದಲ್ಲಿ 15, ಅವರ ಕೈಯಲ್ಲಿ 1, 3, 5 ಇದ್ದರೆ ಲೆಕ್ಕ ಸರಿಹೊಂದುತ್ತದೆ. ಆರು ರಸಗಳನ್ನು ಬೆರೆಸುವ ಬಗೆಗಳೆಷ್ಟು ಎಂಬುದು ಇನ್ನೊಂದು ಪ್ರಶ್ನೆ. ಒಂದೊಂದೇ ರಸವನ್ನೂ ಸೇರಿಸಿ ಎಣಿಸಿದರೆ 63.

ನಮಗೆ ತೀರ ಹತ್ತಿರವಾದದ್ದು ಪ್ರಸ್ತಾರದ ಭಾಗ. ಒಂದಕ್ಷರಕ್ಕೆ ಗುರು, ಲಘು ಎಂದು 2 ರೂಪ. ಇನ್ನೊಂದಕ್ಷರ ಸೇರಿದರೆ 4, ಮತ್ತೊಂದು ಸೇರಿದರೆ 8: ನಾವು ಬಾಯಿಪಾಠ ಮಾಡುವ ಅಷ್ಟಗಣಗಳು. ಪ್ರತಿಯೊಂದು ಪದರವೂ ಹಿಂದಿನದರ ಮೇಲೆ ಇಮ್ಮಡಿಯಾಗಿ ನಿಲ್ಲುತ್ತದೆ. ಇಡೀ ಪಟ್ಟಿಯನ್ನು ಬರೆಯದೆ ಬೇಕಾದ ಸಾಲನ್ನು ಹುಡುಕುವ ಕ್ರಮಕ್ಕೆ 'ನಷ್ಟ'ವೆಂದು ಹೆಸರು. ಸಾಲಿನ ಸಂಖ್ಯೆ ಸಮವಾದರೆ ಲಘು ಬರೆದು ಅರ್ಧ ಮಾಡಬೇಕು. ಬೆಸವಾದರೆ ಗುರು ಬರೆದು, ಒಂದನ್ನು ಕೂಡಿಸಿ ಅರ್ಧ ಮಾಡಬೇಕು. ಐದನೆಯ ಸಾಲು ಯಾವುದು? 5 ಬೆಸ, ಗುರು. 3 ಬೆಸ, ಗುರು. 2 ಸಮ, ಲಘು. ದೊರೆತದ್ದು ತಗಣ. ಗಣಕಯಂತ್ರ ಸಂಖ್ಯೆಯನ್ನು ಸೊನ್ನೆ-ಒಂದುಗಳಾಗಿ ಒಡೆಯುವಾಗಲೂ ಹೀಗೆಯೇ ಅರ್ಧಿಸುತ್ತ ಹೋಗುತ್ತದೆ. ಗದ್ವಾಲದ ಮಗ್ಗದಲ್ಲಿಯೂ ಹಾಸಿನ ಎಳೆ ಏಳಬೇಕು, ಇಲ್ಲವೆ ಇಳಿಯಬೇಕು, ಮೂರನೆಯ ಸ್ಥಿತಿಯಿಲ್ಲ.

ಈ ಕ್ರಮದ ಮೂಲ ಪಿಂಗಳನದು. ಅದನ್ನು ವರ್ತಕರ ಲೆಕ್ಕ, ರಸಗಳ ಎಣಿಕೆಗಳ ಜೊತೆಯಲ್ಲಿಯೇ ಕೂರಿಸಿದ್ದು ಆಚಾರ್ಯರ ವಿವೇಕವೆಂದು ನನ್ನ ಎಣಿಕೆ. ಅವರೂ ಎಡವಿದ್ದುಂಟು: ಸೊನ್ನೆಯಿಂದ ಭಾಗಿಸಿದರೆ ಸಂಖ್ಯೆ ಬದಲಾಗದೆಂದು ಬರೆದರು. ಋಣಸಂಖ್ಯೆಗೆ ವರ್ಗಮೂಲವಿಲ್ಲವೆಂದು ಕಂಡುಕೊಂಡವರೂ ಅವರೇ.

11ನೆಯ ಶತಮಾನದಲ್ಲಿ ಪಾವುಲೂರಿ ಮಲ್ಲನ ಈ ಗ್ರಂಥವನ್ನು ತೆಲುಗಿಗೆ ತಂದನು. 1912ರಲ್ಲಿ ಎಂ. ರಂಗಾಚಾರ್ಯರು ಮದರಾಸಿನಲ್ಲಿ ಇಂಗ್ಲಿಷ್ ಅನುವಾದದೊಡನೆ ಅದನ್ನು ಪ್ರಕಟಿಸಿದರು. ಕನ್ನಡ ಅನುವಾದವೂ ಬಂದಿದೆ. ಛಂದಸ್ಸಿನ ಪುಸ್ತಕದ ಪಕ್ಕದಲ್ಲಿ ಅದನ್ನಿಟ್ಟುಕೊಂಡು, ನಾಲ್ಕಕ್ಷರದ ಪ್ರಸ್ತಾರದ 11ನೆಯ ಸಾಲನ್ನು ನೀವೇ ಹುಡುಕಿ ನೋಡಿ.